ಆರೂವರೆ ಅಡಿಯ ಆಸಾಮಿ

ಶಿಕಾರಿಪುರದ ಮಹಾಂತೇಶ್ ಆರೂವರೆ ಅಡಿ ಎತ್ತರದ ಆಸಾಮಿ. ಹನ್ನೆರಡು ವರ್ಷ ಸಂಬಳಕ್ಕೆ ಬ್ಯಾಸ್ಕೆಟ್‌ಬಾಲ್ ಆಡಿ, ಆಮೇಲೆ ಸಿನಿಮಾ, ಸೀರಿಯಲ್ಲುಗಳಲ್ಲಿ ಹೀರೋ ಕೈಲಿ ಒದೆ ತಿನ್ನುವ ರೌಡಿಯಾದ. ಅಂಕಣದಲ್ಲಿ ಯಾರು ನೂಕಿದರೂ ಬೀಳದವನು ಇಲ್ಲಿ ಏಟು ತಾಗುವ ಮೊದಲೇ ಬೀಳುತ್ತಾನೆ. ಹೀರೋ ಎತ್ತರ ಕಾಣಲೆಂದು ಮೊಣಕಾಲು ಮಡಿಸಿ ನಿಲ್ಲುವುದೇ ಅವನ ಅಭಿನಯ. ಊರಿನಲ್ಲೂ ಅಷ್ಟೇ, ಸೆಲ್ಫಿಗೆ ಯಾರೇ ಬರಲಿ, ಕುಗ್ಗಿ ನಿಂತು, "ಫ್ರೇಮಿಗೆ ಬಂದ್ನೇನ್ರೀ?" ಎನ್ನುತ್ತಾನೆ. ಮೊನ್ನೆ ಹೊಲಿಸಿದ ಪ್ಯಾಂಟು ಗೇಣುದ್ದ ಗಿಡ್ಡವಾಯಿತೆಂದು ಟೈಲರ್ ಮುಕ್ತಾರ್ ಅಹಮದರ ಮೇಲೆ ರೇಗಿದ. ಅವರು ಮತ್ತೆ ಟೇಪು ಹಿಡಿದು, ಅವನ ಕಾಲು ನೋಡಿ, "ನೆಟ್ಟಗೆ ನಿಂತ್ಕಳ್ರೀ, ಇಲ್ಲಿ ಯಾವ ಹೀರೋನೂ ಇಲ್ಲ" ಎಂದರು. ಮಹಾಂತೇಶ್ ಕಕ್ಕಾಬಿಕ್ಕಿಯಾಗಿ, "ನೆಟ್ಟಗೇ ನಿಂತಿದೀನಲ್ಲ, ಮುಕ್ತಾರ್ ಭಾಯ್" ಎಂದ.