ಮಸ್ಕಿಯ ಗೋಡೆಯ ಮೇಲಿದ್ದವನು

ನಿಜಾಮರ ಕಾಲದಲ್ಲಿ ಲಿಂಗಸುಗೂರಿನಲ್ಲಿ ಫೋಟೋ ತೆಗೆಯುತ್ತಿದ್ದವನು ನಾನೊಬ್ಬನೇ. ಒಮ್ಮೆ ಮಸ್ಕಿಯ ಅರಿವೆ ವ್ಯಾಪಾರಿಯೊಬ್ಬ ತೀರಿಕೊಂಡ ತಂದೆಯ ಕೋಟು, ರುಮಾಲು ಹಿಡಿದುಕೊಂಡು ಬಂದ. ಆ ಮುದುಕ ಬದುಕಿದ್ದಾಗ ಒಂದೂ ಫೋಟೋ ತೆಗೆಸಿಕೊಂಡಿರಲಿಲ್ಲವಂತೆ.

“ನಮ್ಮಪ್ಪ ಥೇಟ್ ನಿಮ್ಮಂಗ ಇದ್ರು. ನೀವ ಕುಂದರ್ರಿ,” ಎಂದ.

ಹುಚ್ಚು ಹಿಡಿದಿದೆಯೇನು ಎಂದು ಬೈದೆ. ಆದರೂ ಆ ಕೋಟು ತೊಟ್ಟು ಕುಳಿತೆ. ಕ್ಯಾಮೆರಾದ ರಬ್ಬರ್ ಗುಂಡನ್ನು ಮುದುಕನ ಮಗನೇ ಒತ್ತಿ ಫೋಟೋ ತೆಗೆದ. ಆಮೇಲೆ ನೆಗೆಟಿವ್ ಮೇಲೆ ಪೆನ್ಸಿಲ್ ಆಡಿಸಿ ನನ್ನ ಮೀಸೆಯನ್ನು ನಾನೇ ಬೆಳ್ಳಗೆ ಮಾಡಿದೆ.

ಮರುವರ್ಷ ಅವರ ಮನೆಯ ಮದುವೆಯ ಫೋಟೋ ತೆಗೆಯಲು ಹೋದೆ. ಗೋಡೆಯ ಮೇಲೆ ನನಗೆ ಹಾರ ಹಾಕಿ, ಹಣೆಗೆ ವಿಭೂತಿ ಹಚ್ಚಿದ್ದರು. ಕೆಳಗೆ ಕ್ಯಾಮೆರಾ ಹೊತ್ತು ನಿಂತವನು ಯಾರೆಂದು ಒಂದು ಗಳಿಗೆ ನನಗೇ ತಿಳಿಯಲಿಲ್ಲ.

ಕೆಲಸ ಮುಗಿಸಿ ಹೊರಡುವಾಗ ಮುದುಕನ ಹೆಂಡತಿ ತಲೆಯ ಮೇಲೆ ಸೆರಗು ಎಳೆದುಕೊಂಡು ಬಾಗಿಲಿಗೆ ಅಡ್ಡ ನಿಂತಳು.

“ಈ ಸಲ ಹೇಳದ ಹೋಗಬ್ಯಾಡ್ರಿ,” ಎಂದಳು.

ಮಗನ ಕಡೆ ನೋಡಿದೆ. ಅವನು ತಲೆ ತಗ್ಗಿಸಿದ.

“ಇಲ್ಲ, ಹೇಳೇ ಹೋಗ್ತೀನಿ,” ಎಂದೆ.

ಆಕೆ ತಲೆಯಾಡಿಸಿದಳು. ಬಾಗಿಲು ಮಾತ್ರ ಬಿಡಲಿಲ್ಲ.