ಅಕ್ಕನ ಬಾಯಿ, ಇನ್ನೊಬ್ಬಳ ದನಿ

ಬೆಂಗಳೂರಿನಲ್ಲಿ ನಾನು ಮೊದಲು ಕಾಲಿಟ್ಟ ಮನೆಗೆ ಮೂರೇ ಗೋಡೆ. ನಾಲ್ಕನೆಯದು ಇರಬೇಕಾದಲ್ಲಿ ಕ್ಯಾಮೆರಾ. ದೇವರಮನೆ ಬಾಗಿಲು ತೆರೆದರೆ ಹಿಂದೆ ಬರೀ ಪ್ಲೈವುಡ್ಡು, ಲೈಟಿನ ವೈರು. ನಮ್ಮೂರು ಹಿರೇಬೆಂಡಿಗೇರಿಯಲ್ಲಿ ಅವ್ವ ದಿನಾ ನೋಡಿ ಅಳುತ್ತಿದ್ದ ಸೀರಿಯಲ್ಲಿನ ಮನೆ ಅದು.

ಏಳನೆಯ ಇಯತ್ತೆಗೆ ಶಾಲೆ ಬಿಟ್ಟವನು ನಾನು. ಲೈಟು ಹೊತ್ತೆ, ಟ್ರಾಲಿ ತಳ್ಳಿದೆ, ಡೈರೆಕ್ಟರ್ ಆದೆ. ಯಾರ ಶಿಫಾರಸೂ ಇರಲಿಲ್ಲ. ಬಾಡಿಗೆ ಮನೆ ಕೇಳಲು ಹೋದರೆ ಮಾಲೀಕರು ನಗುತ್ತಿದ್ದರು: "ಇನ್ನೊಂದ್ಸಲ ಹೇಳಿ, ನಿಮ್ ಮಾತು ಮಜವಾಗಿದೆ!" ನಮ್ಮಲ್ಲಿ 'ಗುರು' ಅಂದರೆ ಮಠದ ಸ್ವಾಮಿಗಳು, ಇಲ್ಲಿ ಚಹಾ ಕೊಡುವವನೂ ಗುರು. ರೊಟ್ಟಿ ಸಿಗದೆ ಅನ್ನ-ಸಾರಿಗೆ ಒಗ್ಗಿದ ಹಾಗೆ ನಾಲಿಗೆ ಇಲ್ಲಿನ ಮಾತಿಗೂ ಒಗ್ಗಿತು.

ಸತೀಶ ನನ್ನ ಜತೆ ಕಂಪನಿ ಕಟ್ಟಿದ ಬೆಂಗಳೂರಿನ ಗೆಳೆಯ. ನಾವಿಬ್ಬರೂ ನಿರ್ಮಿಸಿದ ಮೊದಲ ಸೀರಿಯಲ್, ಸವಣೂರಿನಲ್ಲಿ ವೀಳ್ಯದೆಲೆ ಮಾರುವ ಹೆಂಗಸಿನ ಕಥೆ. ಆ ಪಾತ್ರಕ್ಕೆ ನನ್ನ ಅಕ್ಕ ಗಂಗವ್ವನನ್ನೇ ಹಾಕಿದೆ. ಮದುವೆಯಾಗಿ ಸವಣೂರಿಗೆ ಹೋದಾಗಿನಿಂದ ಅವಳು ಅಲ್ಲಿ ಎಲೆ ಮಾರುತ್ತಾಳೆ.

"ಟಿವ್ಯಾಗ ನಮ್ಮಂಥವರ ಮಾತು ಆಡಿ ನಗಸ್ತಾರಲ್ಲ, ಹಂಗ ಮಾಡೂದಾದ್ರ ನಾ ಒಲ್ಲೆ," ಅಂದಳು. "ಮಾರಿ ಹೆಂಗರ ತೋರಿಸ್ರಿ. ಮಾತು ನಂದ ಇರಬೇಕ."

ನಾನು ಒಪ್ಪಿದೆ. ಅವಳ ರೊಟ್ಟಿ ಮುರಿಯುತ್ತ ಸತೀಶನೂ ಅಂದ: "ನಿಮ್ ಮಾತೇ ಜೀವ ಕಣಕ್ಕ. ಒಂದಕ್ಷರಾನೂ ಮುಟ್ಟಲ್ಲ."

ಸವಣೂರಿನಲ್ಲಿ ಶೂಟಿಂಗ್ ಇನ್ನೂ ನಡೆದಿರುವಾಗಲೇ ಮೊದಲ ಕಂತು ಟಿವಿಯಲ್ಲಿ ಬಂತು. ಓಣಿಗೆ ಓಣಿಯೇ ಅಕ್ಕನ ಮನೆಯಲ್ಲಿ ಕುಳಿತಿತ್ತು. ಪರದೆಯ ಮೇಲೆ ಅಕ್ಕನ ತುಟಿ ಆಡಿತು. ಬಂದದ್ದು ಯಾರದೋ ತೆಳು ದನಿ, ಮಾತಿಗೊಂದು ರಾಗ ಎಳೆಯುವ ನಕಲಿ ಧಾರವಾಡ ಕನ್ನಡ. ಜನ ಬಿದ್ದು ಬಿದ್ದು ನಕ್ಕರು.

"ಬಾಯಿ ನಂದೈತಿ. ಮಾತಾಡಾಕತ್ತಾಕಿ ಯಾವಕಿ?"

"ನನಗ ಗೊತ್ತಿಲ್ಲಕ್ಕ."

"ಡೈರೆಕ್ಟರ್ ನಾನ ಅಂದಿದ್ದೆಲ್ಲೋ?"

ಹೊರಗೆ ಬಂದು ಸತೀಶನಿಗೆ ಫೋನ್ ಹಚ್ಚಿದೆ. "ಚಾನೆಲ್‌ನವರು ಕೇಳಿದ್ರು ಗುರು, ಡಬ್ ಮಾಡಿಸ್ದೆ. ನಿಂಗೆ ಹೇಳಿದ್ರೆ ಜಗಳ ಆಡ್ತಿದ್ದೆ. ನೀನೇ ಇಲ್ಲಿಗ್ ಬಂದು ಮಾತು ಬದಲಾಯಿಸ್ಕೊಂಡಿಲ್ವಾ?"

ಬಾಯಿಗೆ ಬಂದ ಹಾಗೆ ಬೈದೆ. ಫೋನ್ ಇಟ್ಟ ಮೇಲೆ ಅರಿವಾಯಿತು, ಬೈದದ್ದೂ ಬೆಂಗಳೂರು ಕನ್ನಡದಲ್ಲೇ.

ಮರುದಿನ ಅಕ್ಕ ಶೂಟಿಂಗಿಗೆ ಬರುತ್ತಾಳೆಂದು ನಾನು ಅಂದುಕೊಂಡಿರಲಿಲ್ಲ. ಎಲೆಬುಟ್ಟಿ ಹೊತ್ತು ಬಂದಳು. "ಬರ್ತೇನಿ ಅಂದಿದ್ದೆ, ಬಂದೇನಿ."

ಗಿರಾಕಿಯ ಜತೆ ಜಗಳವಾಡುವ ದೃಶ್ಯ. ಆ್ಯಕ್ಷನ್ ಅಂದೆ. ಅಕ್ಕನ ತುಟಿ ಆಡಿತು, ಕೈ ಆಡಿತು, ಕಣ್ಣು ಕೆಂಪಾಯಿತು, ದನಿ ಇಲ್ಲ. ಸೌಂಡಿನವನು ಹೆಡ್‌ಫೋನ್ ತಟ್ಟಿ ನೋಡಿಕೊಂಡ.

"ಅಕ್ಕಾ, ಮಾತಾಡು."

"ಅಕಿ ಆಡ್ತಾಳಲ್ಲ," ಅಂದಳು.

ಆ ಶಾಟ್ ಬೆಂಗಳೂರಿನಲ್ಲಿ ಓಕೆ ಆಯಿತು. ಡಬ್ಬಿಂಗ್ ಚೆನ್ನಾಗಿ ಕೂತಿದೆ ಎಂದು ಚಾನೆಲ್‌ನವರು ಹೊಗಳಿದರಂತೆ.

ಸತೀಶನ ಸಂಗ ಬಿಟ್ಟೆ. ಬೆಂಗಳೂರು ಬಿಡಲಾಗಲಿಲ್ಲ, ಮೂರು ಗೋಡೆಯ ಮನೆಗಳಲ್ಲೇ ನನ್ನ ಅನ್ನ. ಸವಣೂರಿಗೆ ಹೋದರೆ ಅಕ್ಕ ಬಿಸಿ ರೊಟ್ಟಿ ಬಡಿಸುತ್ತಾಳೆ, ಎಲೆಯ ಧಾರಣಿ ಹೇಳುತ್ತಾಳೆ. ನಾನು ನಮ್ಮ ಮಾತಿನಲ್ಲೇ ಮಾತಾಡುತ್ತೇನೆ. ಅವಳು ಕೇಳುತ್ತಾಳೆ; ಕೇಳುವಷ್ಟು ಹೊತ್ತೂ ನನ್ನ ತುಟಿಗಳನ್ನೇ ನೋಡುತ್ತಿರುತ್ತಾಳೆ.