ಹಳ್ಳದ ಕಡೆಯ ಕಬ್ಬಿನ ಚೀಟಿ

ಆಗ ನಮ್ಮ ಬಮ್ಮಿಗಟ್ಟಿಯ ಕಡೆ ಕಬ್ಬು ಕಡಿಯಲು ಯಂತ್ರ ಇನ್ನೂ ಬಂದಿರಲಿಲ್ಲ. ಸುಗ್ಗಿಗೆ ವಿಜಾಪುರದ ಕಡೆಯಿಂದ ಟ್ರ್ಯಾಕ್ಟರಿನಲ್ಲಿ ಕಡಿಯುವವರ ಗ್ಯಾಂಗ್ ಬರುತ್ತಿತ್ತು. ಗಂಡ, ಹೆಂಡತಿ, ಕೂಸು, ಕೋಳಿ, ಪಾತ್ರೆ ಎಲ್ಲ ಒಂದೇ ಗಾಡಿಯಲ್ಲಿ. ಕಬ್ಬಿನಿಂದ ಸುಲಿದ ಒಣ ಎಲೆಗೆ, ಅಂದರೆ ರವದಿಗೆ, ಬಿಸಿಲು ಬಿದ್ದಾಗ ಬರುವ ಹುಳಿಸಿಹಿ ವಾಸನೆ ಕುಡಿದು ಬೆಳೆದವರಿಗೆ ಆ ದಿನಗಳನ್ನು ನಾನು ಹೊಸದಾಗಿ ಹೇಳಬೇಕಿಲ್ಲ.

ನಮ್ಮ ಮನೆ ಇದ್ದದ್ದು ಊರಿನಲ್ಲಲ್ಲ, ಹೊಲದಲ್ಲಿ. ಅಪ್ಪ, ಅವ್ವ, ನಾನು, ಎರಡು ಎಮ್ಮೆ. ದಸರೆಯ ಹೊತ್ತಿಗೆ ಕಬ್ಬು ಆಳೆತ್ತರ ದಾಟಿ ನಾಲ್ಕೂ ಕಡೆ ನಿಂತುಬಿಡುತ್ತಿತ್ತು. ಊರೂ ಕಾಣದು, ರಸ್ತೆಯೂ ಕಾಣದು. ಶಾಲೆಯಿಂದ ಬಂದ ಮೇಲೆ ನಾನು ಎಮ್ಮೆಗಳಿಗೆ ಮಗ್ಗಿ ಒಪ್ಪಿಸುತ್ತಿದ್ದೆ. ತಪ್ಪಿದರೂ ಅವು ತಿದ್ದುತ್ತಿರಲಿಲ್ಲ. ಒಬ್ಬಳೇ ಮಗಳು ಎಂದು ಊರವರು ಗಲ್ಲ ಹಿಂಡುತ್ತಿದ್ದರು. ಒಬ್ಬಳೇ ಇರುವುದರಲ್ಲಿ ಹಿಂಡಿ ಮುದ್ದಿಸುವಂಥದ್ದು ಏನಿತ್ತೋ ನನಗೆ ಇವತ್ತಿಗೂ ತಿಳಿದಿಲ್ಲ.

ಮೂರನೇ ಇಯತ್ತೆಯ ವರ್ಷ ಬಂದ ಗ್ಯಾಂಗಿನಲ್ಲಿ ಕಮಲಿ ಇದ್ದಳು. ನನ್ನಷ್ಟೇ ವಯಸ್ಸು, ಸೊಂಟದ ಮೇಲೆ ಸದಾ ಒಬ್ಬ ತಮ್ಮ. ಅವನನ್ನು ಹೊತ್ತುಕೊಂಡೇ ಗಜ್ಜುಗ ಆಡಿ ನನ್ನನ್ನು ಸೋಲಿಸುತ್ತಿದ್ದಳು. ಅವಳ ಅಪ್ಪ ಕಡಿಯುತ್ತಿದ್ದ, ಅವಳ ಅವ್ವ ಹೊರೆ ಕಟ್ಟುತ್ತಿದ್ದಳು, ನಾವಿಬ್ಬರೂ ರವದಿಯಲ್ಲಿ ಮನೆ ಕಟ್ಟಿ ಸಂಸಾರ ಹೂಡುತ್ತಿದ್ದೆವು. ಕಬ್ಬಿನ ಬುಡದ ಸಿಹಿ ಗಣಿಕೆ ನನಗೆ ಕೊಟ್ಟು ಸಪ್ಪೆಯ ತುದಿ ತಾನು ತಿನ್ನುತ್ತಿದ್ದಳು. ನಾನು ಅವಳಿಗೆ ಗುರೆಳ್ಳ ಚಟ್ನಿ ಸವರಿದ ರೊಟ್ಟಿ ಒಯ್ಯುತ್ತಿದ್ದೆ. ಊಟಕ್ಕೆ ಕರೆದರೂ ಬಾರದ ನನ್ನನ್ನು ಅವ್ವ, ಕಬ್ಬು ಸಿಹಿ ಅಂತ ಬೇರು ಸಹಿತ ತಿಂತಾರೇನು ಎಂದು ಗದರಿಸುತ್ತಿದ್ದಳು.

ಎಲ್ಲ ಕಡಿದು ಹಳ್ಳದ ಕಡೆಯ ತುಂಡೊಂದೇ ಉಳಿಯಿತು. ಅದು ಮುಗಿದರೆ ಅವರು ಹೋಗುತ್ತಾರೆ ಎಂದು ಅವ್ವ ಹೇಳಿದ್ದಳು. ಆ ತುಂಡಿಗೆ ಫ್ಯಾಕ್ಟರಿಯಿಂದ ಬಂದ ಕಟಾವಿನ ಚೀಟಿಯನ್ನು ಅಪ್ಪ ದೇವರ ಜಗಲಿಯ ಮೇಲೆ, ವಿಭೂತಿ ಗಟ್ಟಿಯ ಕೆಳಗೆ ಇಟ್ಟಿದ್ದ. ಚೀಟಿ ಇಲ್ಲದೆ ಕಬ್ಬನ್ನು ಫ್ಯಾಕ್ಟರಿಯ ಒಳಗೆ ಬಿಡುವುದಿಲ್ಲ. ನನ್ನ ಲೆಕ್ಕ ಸರಳ: ಚೀಟಿ ಇಲ್ಲದಿದ್ದರೆ ಕಡಿಯುವುದಿಲ್ಲ, ಕಡಿಯದಿದ್ದರೆ ಮುಗಿಯುವುದಿಲ್ಲ, ಮುಗಿಯದಿದ್ದರೆ ಕಮಲಿ ಹೋಗುವುದಿಲ್ಲ. ಚೀಟಿಯನ್ನು ಶಾಲೆಯ ಪಾಟಿಚೀಲಕ್ಕೆ ಸೇರಿಸಿದೆ.

ಅಪ್ಪ ಇಡೀ ಮನೆ ಜಾಲಾಡಿದ. ಕಸದ ಜೊತೆ ಗುಡಿಸಿ ಚೆಲ್ಲಿದ್ದಾಳೆಂದು ಅವ್ವನನ್ನು ಬೈದ. ಅವ್ವ ತಿಪ್ಪೆಯನ್ನೂ ಕೆದರಿದಳು. ಗ್ಯಾಂಗನ್ನು ನಡೆಸುವ ಮುಕಾದಮ ಎರಡು ದಿನ ಕಾದು ಬಂದು ನಿಂತ.

“ಹೊಸಾ ಚೀಟಿ ಬರೂತನಾ ಕುಂತ್ರ ಹೊಟ್ಟಿ ನಡೀಬೇಕಲ್ರಿ. ಅಳ್ನಾವರ ಕಡೆ ಒಂದ ಹೊಲಾ ಐತಿ. ನಾಳೆ ಮುಂಜಾನೆ ಹೊಕ್ಕೀವ್ರಿ.”

ಇದನ್ನು ನಾನು ಲೆಕ್ಕಕ್ಕೆ ಹಿಡಿದಿರಲಿಲ್ಲ. ಮರುದಿನ ಶಾಲೆಗೆ ಹೊರಟವಳು ಗಾಡಿಯ ಬಳಿ ನಿಂತೆ. ಪಾತ್ರೆ, ಕೋಳಿ ಎಲ್ಲ ಏರಿದ್ದವು. ಪಾಟಿಚೀಲ ಹೆಗಲ ಮೇಲೇ ಇತ್ತು. ಕೈ ಹಾಕಿ ತೆಗೆದರೆ ಅವರೆಲ್ಲ ಇಳಿಯುತ್ತಿದ್ದರು. ಆದರೆ ಬಾಜೂಕೆ ಅಪ್ಪ ನಿಂತಿದ್ದ, ಅವನ ಸಿಟ್ಟು ನನಗೆ ಗೊತ್ತಿತ್ತು. ಕಮಲಿ ಮೇಲಿನಿಂದ ಬಗ್ಗಿ ಹೇಳಿದಳು.

“ಚೀಟಿ ಸಿಕ್ರ ಹೊಳ್ಳಿ ಬರ್ತೀವಿ. ಚಂದಂಗ ಹುಡುಕ ಬೇ.”

ನಾನು ಹೂಂ ಎಂದೆ. ಗಾಡಿ ಹೋಯಿತು.

ಸಂಜೆ ಬಂದು ಚೀಟಿಯನ್ನು ಜಗಲಿಯ ಸಂದಿಗೆ ಜಾರಿಸಿದೆ. ಎರಡು ದಿನಕ್ಕೆ ಅದು ಅಪ್ಪನಿಗೆ ಸಿಕ್ಕಿತು. ಅಷ್ಟರಲ್ಲಿ ಕಮಲಿಯವರು ಅಳ್ನಾವರ ಕಡೆಯ ಹೊಲ ಹಿಡಿದಾಗಿತ್ತು. ಬೇರೆ ಗ್ಯಾಂಗ್ ಬಂತು, ಬರೀ ಗಂಡಸರು. ನಾಲ್ಕೇ ದಿನದಲ್ಲಿ ಹೊಲ ಬಯಲಾಯಿತು. ಊರಿನವರೆಗೂ ಎಲ್ಲ ಕಾಣುತ್ತಿತ್ತು, ಕೂಗಿ ಕರೆಯಲು ಮಾತ್ರ ಯಾರೂ ಇರಲಿಲ್ಲ. ಅವಳಿದ್ದಾಗಿನ ಸುಖ ಕಂಡ ಮೇಲೆ ಒಂಟಿತನ ಮೊದಲಿನಷ್ಟು ಹಗುರವಾಗಿ ಉಳಿಯಲಿಲ್ಲ.

ಹೋದ ಸುಗ್ಗಿಗೆ ತವರಿಗೆ ಹೋದಾಗ ಕಡಿಯುವ ಯಂತ್ರ ಬಂದಿತ್ತು. ಮಧ್ಯಾಹ್ನಕ್ಕೆಲ್ಲ ಅರ್ಧ ಹೊಲ ಮುಗಿಯಿತು. ಅವ್ವ ರೂಢಿಯಂತೆ ಬುಟ್ಟಿ ತುಂಬ ರೊಟ್ಟಿ ಬಡಿದಿದ್ದಳು. ಚಾಲಕ ಡಬ್ಬಿ ತಂದಿದ್ದ, ಗಾಜಿನ ಗೂಡಿನಿಂದ ಇಳಿಯದೆಯೇ ಉಂಡ. ಜೋಪಡಿ ಇಲ್ಲ, ಒಲೆಯ ಹೊಗೆ ಇಲ್ಲ, ಅಳುವ ಕೂಸಿಲ್ಲ. ಉಳಿದ ರೊಟ್ಟಿಯ ಮುಂದೆ ನಾವಿಬ್ಬರೇ ಕೂತಿದ್ದೆವು. ಇಷ್ಟು ವರ್ಷದ ಮೇಲೆ ಅವ್ವನಿಗೆ ಚೀಟಿಯ ವಿಷಯ ಹೇಳಿದೆ. ಅವಳು ಬೈಯಲಿಲ್ಲ. ರೊಟ್ಟಿಯ ಬುಟ್ಟಿಗೆ ಅರಿವೆ ಮುಚ್ಚಿ ಕೇಳಿದಳು.

“ಯಾವೂರಾಕಿ ಆ ಹುಡುಗಿ? ಒಮ್ಮೆ ಹೋಗಿ ಮಾತಾಡ್ಸಿ ಬರೂಣು.”

ಎರಡು ತಿಂಗಳು ಅವಳ ಜೊತೆ ಉಂಡು ಆಡಿದ್ದೆ. ಅವಳ ಊರು ಯಾವುದೆಂದು ಒಂದು ಸಲವೂ ಕೇಳಿರಲಿಲ್ಲ.